ಬಿಟ್ಟು ಓದಿದ ಪದ

24-7-98, ಶುಕ್ರವಾರ. ಹಂಪಸಾಗರ

ಇವತ್ತೂ ಹೇಳಲಿಲ್ಲ. ಮೂರು ತಿಂಗಳಿಂದ ಮುಚ್ಚಿಟ್ಟದ್ದನ್ನು ಇಲ್ಲಾದರೂ ಬರೆಯುತ್ತೇನೆ. ಹೆಬ್ಬೆಟ್ಟು ಒತ್ತುವ ಮುಂಚೆ ಅವ್ವನಿಗೆ ಕೋರ್ಟಿನ ಅರ್ಜಿ ಓದಿ ಹೇಳಿದವಳು ನಾನು. ಒಂದು ಪದ ಬಿಟ್ಟು ಓದಿದೆ. ನಿರ್ಗತಿಕಳು.

ಹಡಗಲಿಯ ಮಲ್ಲಿಗೆ ತೋಟ ತಾತ ಕೊಂಡದ್ದು. ಅದರಲ್ಲಿ ಅವ್ವನ ಪಾಲು ಕೇಳಿ ಅವಳ ಅಣ್ಣ, ಗುರುಸಂಗಪ್ಪ ಮಾವನ ಮೇಲೆ ದಾವೆ. ಅಪ್ಪ ಹೋದ ಮೇಲೆ ಅವ್ವನದು ಕಳೆ ಕೀಳುವ ಕೂಲಿ — ಕೋರ್ಟ್ ಫೀ ಎಲ್ಲಿಂದ ತರೋದು? ಬಡವರೆಂದು ಜಡ್ಜ್ ಒಪ್ಪಿದರೆ ಫೀ ಇಲ್ಲದೆ ಕೇಸು ನಡೆಯುತ್ತದೆ. ಒಪ್ಪದಿದ್ದರೆ ತೋಟದ ಮಾತು ಅಲ್ಲಿಗೇ ಮುಗಿಯಿತು. ಅವ್ವನಿಗೆ ಹೇಳಿದ್ದು ಬೇರೆ: "ಹೆಣ್ಮಕ್ಕಳಿಗೆ ಫೀ ಮಾಫಿ ಐತಿ."

ಒಂಬತ್ತನೇ ಕ್ಲಾಸಿಗೆ ಶಾಲೆ ಬಿಟ್ಟೆ. ಟೇಲರ್ ಅಂಗಡಿ ಬಿಟ್ಟೆ. ಈಗ ಎಸ್‌ಟಿಡಿ ಬೂತೂ ಬೇಸರ. ಎಲ್ಲೂ ಸುಳ್ಳು ಹೇಳಿ ಬಿಟ್ಟವಳಲ್ಲ. ಅವ್ವನಿಗೆ ಮಾತ್ರ ಸುಳ್ಳು ಹೇಳಿದೆ...

28-7-98, ಪಂಚಮಿ

ಮಾವ ಬಸ್ಸಿನ ಮೇಲೆ ಹಾಕಿ ಒಂದು ಚೀಲ ಜೋಳ ಕಳಿಸಿದ್ದಾನೆ. ಕೋರ್ಟಿನ ನೋಟಿಸ್ ಅವನಿಗೆ ಮುಟ್ಟಿ ವಾರವಾಗಿತ್ತು. ಅವ್ವ ಓಣಿಗೆಲ್ಲ ಹೇಳಿಕೊಂಡು ಬಂದಳು.

"ನೋಡ್ದೇನು? ಕೇಸು ಹಾಕಿದ್ರೂ ಅಣ್ಣಗ ಪಂಚಮಿ ನೆನಪೈತಿ. ಕರುಳು ಎಲ್ಲಿ ಹೋಗ್ತೈತಿ?"

ಇಷ್ಟು ವರ್ಷ ಒಂದು ಉಂಡಿ ಕಳಿಸಿದವನಲ್ಲ. ಜೋಳ ಗಿರಣಿಗೆ ಒಯ್ದೆ. ರೊಟ್ಟಿ ಚೆನ್ನಾಗಿತ್ತು.

5-8-98, ಸಂಜೆ

ನಮ್ಮ ಸ್ಥಿತಿ ನೋಡಿ ಕೋರ್ಟಿಗೆ ವರದಿ ಕೊಡಲು ಊರ ಲೆಕ್ಕಿಗರು, ವಿ.ಎ. ಸಾಹೇಬರು ಬಂದಿದ್ದರು. ನಾನು ಬೂತಿನಲ್ಲಿದ್ದೆ. ಓಡಿ ಬರುವಷ್ಟರಲ್ಲಿ ಎಲ್ಲ ಮುಗಿದಿತ್ತು. ಅವ್ವ ಪಕ್ಕದ ಹಂಪಮ್ಮನ ಮನೆಯಿಂದ ಕುರ್ಚಿ, ಕಪ್ಪು-ಸಾಸರು ತಂದು, ಸಕ್ಕರೆ ಜಾಸ್ತಿ ಹಾಕಿ ಚಾ ಕೊಟ್ಟಿದ್ದಾಳೆ.

"ಜೀವನ ಹೆಂಗೈತಿ ಕೊಟ್ರಮ್ಮ?" ಅಂತ ಅವರು.

"ದೇವ್ರು ಕೊಟ್ರಪ್ಪನ ದಯಾ, ಏನೂ ಕಮ್ಮಿ ಇಲ್ರಿ" ಅಂತ ಇವಳು.

ಮನೆಗೆ ಬಂದವರ ಮುಂದೆ ಇನ್ನೇನು ಹೇಳುತ್ತಾಳೆ? ಜೋಳದ ಚೀಲವನ್ನೂ ಬರೆದುಕೊಂಡು ಹೋದರಂತೆ. ಅವ್ವನಿಗೆ ಹೆಮ್ಮೆ.

24-8-98, ಸೋಮವಾರ

ಹಡಗಲಿಗೆ ಹೋಗಿ ಬಂದೆ. ವರದಿಯಲ್ಲಿ: 'ಮನೆಯಲ್ಲಿ ಒಂದು ಚೀಲ ಜೋಳ ಇರುತ್ತದೆ; ತನಗೆ ಯಾವ ಕೊರತೆಯೂ ಇಲ್ಲವೆಂದು ಅರ್ಜಿದಾರಳೇ ಹೇಳಿಕೆ ನೀಡಿರುತ್ತಾಳೆ.' ವಕೀಲರು ಫೈಲು ಮುಚ್ಚಿದರು.

"ನಿಮ್ಮವ್ವಗ ತಲಿ ನೆಟ್ಟಗಿಲ್ಲ ಅಂತ ಹೇಳಿಬಿಡಮ್ಮ."

"ನೆಟ್ಟಗೈತ್ರಿ."

"ಹಂಗಾದ್ರ ಆಕಿನ್ನಽ ಕಟಕಟಿಗೆ ಕರ್ಕೊಂಡ್ ಬಾ. ನಾ ನಿರ್ಗತಿಕಳು ಅಂತ ಆಕಿ ಬಾಯಿಂದಽ ಬರ್ಲಿ. ಹರಕು ಸೀರಿ ಉಡಸು."

ಮಾವ ಕೋರ್ಟಿನ ಬೇವಿನ ಮರದ ಕೆಳಗೆ ನಿಂತಿದ್ದ. "ಜೋಳ ಚಲೋ ಅದಾವೇನು ಶೈಲಾ?" ಅಂದ. ಸುತ್ತ ನಾಲ್ಕು ಜನ ನಕ್ಕರು. ಹೌದು ಅಂದೆ. ಚೆನ್ನಾಗಿಯೇ ಇದ್ದವು.

25-8-98

ಓದಿದೆ. ಅರ್ಜಿ ಪೂರ್ತಿ, ಅವ್ವನ ಮುಂದೆ.

"ನಿರ್ಗತಿಕಳು ಅಂದ್ರ?"

"ಗತಿ ಇಲ್ಲದಾಕಿ."

ರೊಟ್ಟಿ ಬಡಿಯುತ್ತಿದ್ದ ಕೈ ನಿಂತಿತು.

"ಗತಿಗೆಟ್ಟಾಕಿ ಅಂತ ನಿಮ್ಮತ್ತಿ ಬೈದಿದ್ದಕ್ಕ ಅಣ್ಣನ ಹೊಸ್ತಿಲ ತುಳಿಯೋದು ಬಿಟ್ಟೆ. ನೀ ಅದನ್ನಽ ಬರೆಸಿ ನನ್ನ ಹೆಬ್ಬೆಟ್ಟು ಒತ್ತಿಸಿದಿ?"

"ಹೂಂ."

"ಅಣ್ಣ ಇದನ್ನ ಓದ್ಯಾನೇನು?"

"ಓದ್ಯಾನ."

"ಜೋಳ ಕಳಸಾಕಿಂತ ಮದ್ಲ?"

"ಮದ್ಲ."

ಹಿಟ್ಟಿನ ಕೈಯಲ್ಲೇ ಎದ್ದು ಹೊರಗೆ ಹೋದಳು. ಹಂಚಿನ ಮೇಲಿನ ರೊಟ್ಟಿ ಸೀದುಹೋಯಿತು. ತೆಗೆಯಲಿಲ್ಲ ನಾನು.

30-8-98

ಅವ್ವ ಆ ಜೋಳ ಮುಟ್ಟುತ್ತಿಲ್ಲ. ರೇಷನ್ ಅಕ್ಕಿಯ ಅನ್ನ. ನನಗೆ ಬಡಿಸುತ್ತಾಳೆ, ಮುಖ ನೋಡುವುದಿಲ್ಲ.

8-9-98, ಮಂಗಳವಾರ

ಕೋರ್ಟಿನ ವಾಯಿದೆ ನಾಳೆ. ಬರುತ್ತಾಳೋ ಇಲ್ಲವೋ ಕೇಳುವ ಧೈರ್ಯವಿಲ್ಲ. ಹರಕು ಸೀರೆ ಮಾತ್ರ ತೆಗೆದಿಟ್ಟೆ. ಅವ್ವ ನೋಡಿದಳು. ಟ್ರಂಕು ತೆಗೆದು, ಇದ್ದೊಂದು ಇಳಕಲ್ ಸೀರೆ ಕೊಡವಿ ಹಾಸಿದಳು.

"ಯವ್ವಾ, ವಕೀಲ್ರು ಹೇಳ್ಯಾರ..."

"ಗತಿ ಇಲ್ಲ ಅಂತ ಬಾಯಿಲೆ ಹೇಳ್ತೀನಿ. ಸೀರಿಲೆ ಹೇಳಂಗಿಲ್ಲ."

ಆಮೇಲೆ ದಬ್ಬಣ ತಂದು ಜೋಳದ ಚೀಲದ ಬಾಯಿ ಹೊಲಿಯತೊಡಗಿದಳು. ಅದೂ ನಾಳೆ ಬಸ್ಸಿನ ಮೇಲೆ ಕೋರ್ಟಿಗೆ ಬರಬೇಕಂತೆ, ಮಾವನಿಗೆ ವಾಪಸ್ ಕೊಡಲು.

"ಉಂಡೀವಲ್ಲಬೇ, ಕಾಲು ಚೀಲ ಖಾಲಿ ಐತಿ."

"ಉಂಡದ್ದನ್ನೂ ಜಡ್ಜ್ ಮುಂದ ಹೇಳ್ತೀನಿ. ಇನ್ನಮ್ಯಾಲೆ ನೀ ಮಾತ್ರ ಏನನ್ನೂ ಬಿಟ್ಟು ಓದಬ್ಯಾಡ."

ದಾರದ ಇನ್ನೊಂದು ತುದಿ ಹಿಡಿದುಕೊಂಡೆ. ಅವ್ವ ಬೇಡ ಅನ್ನಲಿಲ್ಲ.

ಬೆಳಿಗ್ಗೆ ಏಳರ ಬಸ್ಸಿಗೆ ಹೊರಡುತ್ತೇವೆ.