ಬೊಗಸೆಯಿಂದ ಸೋರಿದ ನೀರು

ಪ್ರೀತಿಯ ಅಜ್ಜಿ,

ಈ ಥಾಣೆ ಊರಿನ ಹಾಸ್ಟೆಲ್ ಓಕೆ, ಕೆಮ್ಮೂ ಕಡಿಮೆಯಾಗಿದೆ, ಟೆನ್ಷನ್ ಬೇಡ.

ಸೋಮವಾರ ನಮ್ಮ ಅನಿಮೇಷನ್ ಕ್ಲಾಸಿನಲ್ಲಿ ಪ್ರಾಜಕ್ತಾ ಮ್ಯಾಡಮ್ ತಾವು ಮಾಡುತ್ತಿದ್ದ ಸಿನಿಮಾ ತೋರಿಸಿದರು. ಎಲ್ಲ ಇದ್ದಿಲಿನ ಚಿತ್ರಗಳೇ, ಆದರೆ ನಡೆದಾಡುತ್ತವೆ! ಹಿಂದಿನ ಕಾಲದ ಒಬ್ಬ ಹೆಂಗಸು ಹೋಟೆಲಿನ ಹೊರಗೆ ನಿಂತು ಬೊಗಸೆ ಒಡ್ಡುತ್ತಾಳೆ. ಅವಳನ್ನು ಮುಟ್ಟಬಾರದೆಂದು ಮೇಲಿನಿಂದ ನೀರು ಸುರಿಯುತ್ತಾರೆ. ಅರ್ಧ ನೀರು ಮೊಣಕೈಯಿಂದ ಸೋರಿಹೋಗುತ್ತದೆ.

“ಕೈ ಸರಿಯಾಗಿ ಬಂದಿಲ್ಲ. ಹೀಗೆ ಕುಡಿಯೋದನ್ನ ಯಾರಾದ್ರೂ ಮನೇಲಿ ನೋಡಿದೀರಾ?” ಎಂದು ಮ್ಯಾಡಮ್ ಕೇಳಿದರು.

“ನಮ್ಮನೇಲಿ ಫಿಲ್ಟರ್ ಇದೆ, ಮ್ಯಾಡಮ್!” ಎಂದ ಸ್ವಪ್ನಿಲ್. ಎಲ್ಲರೂ ನಕ್ಕರು. ನಾನೂ ನಕ್ಕೆ.

ಲೋಟ ಇದ್ದರೂ ನೀನು ಈಗಲೂ ಅಮ್ಮನ ಕೈಲಿ ತಂಬಿಗೆಯಿಂದ ನೀರು ಹಾಕಿಸಿಕೊಂಡೇ ಕುಡಿಯುತ್ತೀಯಲ್ಲ. ಬಗ್ಗಿ, ಮೊಣಕೈ ಎತ್ತಿ, ಬೊಗಸೆಯನ್ನು ತುಟಿಗೊತ್ತಿ, ಒಂದು ಹನಿಯೂ ಚೆಲ್ಲದೆ. ಅದನ್ನು ಹೇಳಿದರೆ ನಾವು ಯಾವ ಜಾತಿಯೆಂದು ಕ್ಲಾಸಿಗೆಲ್ಲ ಗೊತ್ತಾಗುತ್ತದೆಂದು ಹೆದರಿಬಿಟ್ಟೆ.

ಇವತ್ತು ಧೈರ್ಯ ಮಾಡಿ ಮ್ಯಾಡಮ್ ರೂಮಿಗೆ ಹೋಗಿ, ನೀನು ಬೊಗಸೆ ಹಿಡಿಯುವ ರೀತಿಯನ್ನು ತೋರಿಸಿದೆ. ಅವರು ತುಂಬಾ ಹೊತ್ತು ನೋಡಿದರು. “ಫಿಲ್ಮ್ ಮುಗಿಸಿ ನಿನ್ನೆನೇ ಫೆಸ್ಟಿವಲ್‌ಗೆ ಕಳಿಸಿಬಿಟ್ಟೆ ಕಣಮ್ಮಾ, ಇನ್ನು ತಿದ್ದೋಕಾಗಲ್ಲ,” ಎಂದರು.

ಈ ಅಂಚೆ ಕಾರ್ಡಿನಲ್ಲಿ ಜಾಗ ಮುಗಿಯಿತು. ಇನ್ನು ಯಾರು ಯಾವಾಗ ನೋಡಿದರೂ ಆ ಹೆಂಗಸಿಗೆ ಸಿಗುವುದು ಅರ್ಧ ನೀರೇ, ಅಜ್ಜಿ.

ನಿನ್ನ ರಮಾ