ಲಾಭದಿಂದ ಶುರುವಾಗುವ ಎಣಿಕೆ

ಅಸ್ಸಾಂ, ಭಾನುವಾರ

ದೊಡ್ಡಪ್ಪ, ನಿಮ್ಮ ನಂಜುಂಡೇಶನ ನಮಸ್ಕಾರ. ಫೋನಿನಲ್ಲಿ ನಿಮಗೆ ಸರಿಯಾಗಿ ಕೇಳಿಸದೆಂದು ಕಾರ್ಡು ಹಾಕುತ್ತಿದ್ದೇನೆ, ತಂಗಿ ಯಮುನಾ ಓದಿ ಹೇಳಲಿ.

ವರ್ಷವೆಲ್ಲ ಊರೂರು ತಿರುಗಿ ಗಾಲ್ಫ್ ಆಡಿ, ಟೂರ್‌ನ ಕೊನೆಯ ಪಂದ್ಯಕ್ಕೆ ಈ ಟೀ ತೋಟಗಳ ನಡುವೆ ಬಂದಿದ್ದೇನೆ. ಈ ಆಟದಲ್ಲಿ ಚೆಂಡನ್ನು ಕುಳಿಗೆ ಬೀಳಿಸುವ ಹೊಡೆತದ ಎಣಿಕೆ ಬೆಳೆದಷ್ಟೂ ನಷ್ಟ. ಆದರೂ ಮೊದಲ ಹೊಡೆತಕ್ಕೆ ನಾನು ಇವತ್ತಿಗೂ 'ಲಾಭ' ಎಂದೇ ಎಣಿಸುವುದು. ನಮ್ಮೂರು ಸಾಲಗಾಮೆಯ ಕಣದಲ್ಲಿ ನಾನು ಕೊಳಗ ಹಿಡಿದು ರಾಗಿ ಅಳೆಯುವಾಗ ನೀವು ಗದರಿದ್ದು ಕಿವಿಯಲ್ಲೇ ಇದೆ: "ರಾಶಿ ಮುಂದೆ ಒಂದು ಅನ್ಬಾರ್ದು ಕಣ್ಲಾ, ಲಾಭ ಅನ್ನು. ಆಮೇಲೆ ಎರಡು."

ನನ್ನ ಚೀಲ ಹೊರುವ ಮಹತೋ ಜಾರ್ಖಂಡಿನವನು. ಕೇಳಿ ಕೇಳಿ ಅವನಿಗೆ ಬರುವ ಕನ್ನಡದ ಎಣಿಕೆ ಆ 'ಲಾಭ' ಒಂದೇ. ಇವತ್ತು ಕೆರೆಯಾಚೆಯ ಕುಳಿಗೆ ಗುರಿಯಿಟ್ಟ ನನ್ನ ಮೊದಲ ಹೊಡೆತಕ್ಕೇ ಚೆಂಡು ನೀರು ದಾಟಿ, ಎರಡು ಸಲ ಪುಟಿದು ನೇರ ಕುಳಿಗೆ ಬಿತ್ತು. ಜನ ಚಪ್ಪಾಳೆ ತಟ್ಟುವ ಮೊದಲೇ ಮಹತೋ ಕೈ ಎತ್ತಿ 'ಲಾಭ' ಎಂದು ಕೂಗಿದ. ನನಗೆ ಹೊಸ ರಾಗಿಯ ದೂಳಿನ ವಾಸನೆ ಬಂದ ಹಾಗಾಯಿತು. ಆ ಒಂದು ಹೊಡೆತದಿಂದ ಮುಂದಿನ ವರ್ಷಕ್ಕೂ ಟೂರ್‌ನಲ್ಲಿ ನನ್ನ ಜಾಗ ಉಳಿಯಿತು.

ಭುಜದ ನೋವು ಕಡಿಮೆ, ನೀವು ಕೊಟ್ಟ ಎಣ್ಣೆ ಮುಗಿದಿದೆ. ಈ ಸಲ ಮಿಷನ್ನು ರಾಗಿಯನ್ನು ನೇರ ಮೂಟೆಗೇ ತುಂಬುತ್ತದಂತೆ. ಕಣದಲ್ಲಿ ಒಂದಿಷ್ಟು ರಾಶಿ ಹಾಗೇ ಬಿಟ್ಟು, ಅಟ್ಟದಿಂದ ಕೊಳಗ ಇಳಿಸಿಡಿ. ಬಸ್ಸು ಹೊರಡುತ್ತಿದೆ. ಊರಿಗೆ ಬರುವಾಗ ಮಹತೋನನ್ನೂ ಕರೆತರುತ್ತೇನೆ. ಅವನಿಗೆ ಲಾಭದಾಚೆ ಎಣಿಕೆ ಬರುವುದಿಲ್ಲ. ಎರಡು ಅನ್ನುವುದನ್ನು ನೀವೇ ಹೇಳಿಕೊಡಬೇಕು.

ನಂಜುಂಡೇಶ