ಮಾಲೀಕರ ಮಾತಿಗೆ ಶ್ರದ್ಧಾಂಜಲಿ

ಚೆರ್ನೊಸೋಲ್, ಕಪ್ಪು ಸಮುದ್ರ ತೀರ
ಭಾನುವಾರ, 2 ಮಾರ್ಚ್ 2025

ಪ್ರೀತಿಯ ತಂಗಿ ರುಮೇನಾ,

ಹೋಟೆಲಿನವರು ಕೊಡುತ್ತೇವೆಂದು ಹೇಳಿದ್ದು: ಆರು ತಿಂಗಳ ಮರುತರಬೇತಿ. ಅದೂ ಕೆಲಸದ ವೇಳೆಯಲ್ಲೇ, ಸಂಬಳ ಹಿಡಿಯದೆ. ಅಭ್ಯಾಸಕ್ಕೆ ಬೇರೆ ಕೋಣೆ. ಪರೀಕ್ಷೆಯಲ್ಲಿ ಎಡವಿದವರಿಗೆ ಇನ್ನೊಂದು ಅವಕಾಶ. ಕೆಸರುಮನೆಯಿಂದ ಒಬ್ಬರನ್ನೂ ತೆಗೆಯುವುದಿಲ್ಲ ಎಂಬ ಮಾತು.

ಕೊಟ್ಟದ್ದು: ನಮ್ಮವೇ ರಜೆಯ ಭಾನುವಾರಗಳು. ಅದಕ್ಕೆ ಕೂಲಿಯಿಲ್ಲ. ಹದಿನಾಲ್ಕು ಹೆಂಗಸರಿಗೆ ಒಂದು ಟ್ಯಾಬ್ಲೆಟ್. ಅಭ್ಯಾಸದ ಕೋಣೆ ಎಂದರೆ ಹಾಸಿಗೆ ತುಂಬಿಟ್ಟ ಉಗ್ರಾಣ. ಎರಡನೇ ಅವಕಾಶ ಇಲ್ಲ. ಬರುವ ಶುಕ್ರವಾರ ಪರೀಕ್ಷೆ. ನಪಾಸಾದವರು ಸೋಮವಾರದಿಂದ ಬಟ್ಟೆ ಒಗೆಯುವ ವಿಭಾಗಕ್ಕೆ, ಹೊರಗಿನ ಗುತ್ತಿಗೆದಾರನ ಕೈಕೆಳಗೆ, ಬೇಸಿಗೆ ಮುಗಿಯುವವರೆಗೆ ಮಾತ್ರ. ಆಮೇಲೆ ಮನೆಗೆ.

ಮೊದಲು ನಿನ್ನ ಆರೋಗ್ಯ ಕೇಳಬೇಕಿತ್ತು. ಕೇಳುತ್ತಿದ್ದೇನೆ, ಸಿಟ್ಟಾಗಬೇಡ. ಹೇಗಿದ್ದೀಯ? ಆಸ್ಟ್ರಿಯಾದ ಬೆಟ್ಟದ ಮೇಲೆ ಇನ್ನೂ ಹಿಮ ಇದೆಯೇ? ನಿನ್ನ ಮಣಿಕಟ್ಟಿನ ನೋವು ಹೇಗಿದೆ? ಬೋಯ್ಕೊ ಶಾಲೆಯಲ್ಲಿ ಜರ್ಮನ್ ಮಾತಾಡಿ ಮಾತಾಡಿ ಮನೆಯಲ್ಲೂ ಅದನ್ನೇ ಆಡುತ್ತಾನೆಯೇ? ಅಮ್ಮನ ಕಾಲು ಊದಿಕೊಂಡಿದೆ, ಆದರೆ ನಾಲಿಗೆಗೆ ಏನೂ ಆಗಿಲ್ಲ. ನಿನಗೂ ಮಗುವಿಗೂ ವಸಂತದ ಶುಭಕ್ಕೆಂದು ಅವಳೇ ಹೊಸೆದ ಕೆಂಪು ಬಿಳಿ ದಾರ ಇದರೊಳಗಿದೆ, ಕೈಗೆ ಕಟ್ಟಿಕೊಳ್ಳಿ. ಮಾರ್ಚ್ ಒಂದು ನಿನ್ನೆಯೇ ಕಳೆಯಿತು, ತಡವಾಯಿತೆಂದು ಗೊಣಗಿದಳು. ಜೊತೆಗೆ ಕೆಂಪು ಮೆಣಸಿನ ಗೊಜ್ಜಿನ ಎರಡು ಬಾಟಲಿ. ವಿಯೆನ್ನಾ ಬಸ್ಸಿನ ಮೀತ್ಕೊ ಇವತ್ತು ಸಂಜೆ ಹೊರಡುತ್ತಾನೆ, ಅವನ ಕೈಯಲ್ಲಿ ಕಳಿಸುತ್ತಿದ್ದೇನೆ. ಕಾಗದ ಏಕೆ ಎನ್ನುತ್ತೀಯೇನೋ. ಎರಡು ವಾರದಿಂದ ನೀನು ಫೋನ್ ಎತ್ತುತ್ತಿಲ್ಲ. ಏಕೆ ಎತ್ತುತ್ತಿಲ್ಲವೆಂದು ಮೊನ್ನೆ ಶುಕ್ರವಾರ ನನಗೆ ತಿಳಿಯಿತು. ಅದಕ್ಕೆ ಆಮೇಲೆ ಬರುತ್ತೇನೆ. ಮೊದಲಿನಿಂದ ಕ್ರಮವಾಗಿ ಹೇಳುತ್ತೇನೆ.

ನೀನು ಇಲ್ಲಿ ಕೆಲಸಕ್ಕಿದ್ದಾಗ ನಮ್ಮ ಕೆಸರುಮನೆ ಸರ್ಕಾರಿ ಸ್ಯಾನಿಟೋರಿಯಂ, ಚಿಕಿತ್ಸೆಯ ಜಾಗ. ಗಣಿಯವರು, ಹಡಗುಕಟ್ಟೆಯವರು, ರೈಲ್ವೆಯವರು ಮೂಳೆನೋವು ಹಿಡಿದುಕೊಂಡು ಬರುತ್ತಿದ್ದರು. ಉಪ್ಪುಕೆರೆಯ ಕಪ್ಪು ಕೆಸರನ್ನು ಬಿಸಿ ಮಾಡಿ ಅವರ ಬೆನ್ನಿಗೆ ಬಳಿದು, ಕಂಬಳಿ ಸುತ್ತಿ, ಪಕ್ಕದಲ್ಲಿ ಕುಳಿತು ಮಾತಾಡಿಸುತ್ತಿದ್ದೆವು. ಈಗ ಅದು ವೆಲ್‌ನೆಸ್ ಹೋಟೆಲು. ರೋಗಿಗಳ ಮೊಳಕಾಲಿಗೆ ದಿಂಬಿಡುತ್ತಿದ್ದ ಹಳೇ ಹಲಗೆಗಳ ಜಾಗದಲ್ಲಿ ಮೇಣದಬತ್ತಿಗಳು ಬಂದಿವೆ. ರೋಗಿ ಎನ್ನಬಾರದು, ಅತಿಥಿ ಎನ್ನಬೇಕು. ಕೆಸರು ಎನ್ನಬಾರದು, ಸಮುದ್ರದ ಉಡುಗೊರೆ ಎನ್ನಬೇಕು. ಇದನ್ನೆಲ್ಲ ಕಲಿಸಲು ರಾಜಧಾನಿಯಿಂದ ಕ್ರಾಸಿ ಎಂಬ ಹುಡುಗ ಬಂದ. ಕಿವಿಯಿಂದ ಬಾಯಿಗೆ ಮೈಕಿನ ತಂತಿ. ಉಗ್ರಾಣದಲ್ಲಿ ಎದುರಿಗೇ ಕುಳಿತ ನಮ್ಮ ಜೊತೆ ಮೈಕಿನಲ್ಲಿ ಮಾತಾಡುತ್ತಿದ್ದ.

ಅವನನ್ನು ಬೈಯಲಾರೆ. ಕೆಟ್ಟವನಲ್ಲ. ಬಾಗುವಾಗ ಸೊಂಟಕ್ಕೆ ಏಟು ಬೀಳದಂತೆ ಕಾಲು ಹೇಗಿಡಬೇಕೆಂದು ಅವನು ತೋರಿಸಿಕೊಟ್ಟ ಮೇಲೆ ನನ್ನ ಬೆನ್ನು ನಿಜಕ್ಕೂ ಹಗುರವಾಗಿದೆ. ಬಿಸಿ ಕಲ್ಲು ಜೋಡಿಸುವುದನ್ನು ಆಸೆಯಿಂದಲೇ ಕಲಿತೆವು. ಹಿಂದೂಸ್ಥಾನದ ಎಣ್ಣೆಧಾರೆ ಅಂತೆ, ಹಣೆಯ ಮೇಲೆ ಸಣ್ಣಗೆ ಎಣ್ಣೆ ಬಿಡುವುದು, ಅದನ್ನೂ ಕಲಿತೆವು. ಎಳ್ಳೆಣ್ಣೆ ತರಿಸಿರಲಿಲ್ಲ, ಅಡುಗೆಮನೆಯಿಂದ ಸೂರ್ಯಕಾಂತಿ ಎಣ್ಣೆ ತಂದರು. ನಮ್ಮ ಜೊತೆಯ ಗಿಂಕಾ ಅಭ್ಯಾಸಕ್ಕೆ ಮಲಗಿದ್ದವಳು, "ಇನ್ನೊಂಚೂರು ಬಿಸಿ ಮಾಡಿ, ಆಲೂಗಡ್ಡೆನೂ ಹಾಕ್ಬಿಡಿ, ಊಟ ಆಗೋಗುತ್ತೆ" ಅಂದಳು. ನಗು ತಡೆಯಲಾಗಲಿಲ್ಲ. ಕ್ರಾಸಿಯೂ ನಕ್ಕ. ಕಲಿಯುವುದಕ್ಕೆ ನಮಗೆ ಬೇಸರವಿಲ್ಲ ರೂಮಿ, ಇದನ್ನು ನೀನು ಸರಿಯಾಗಿ ತಿಳಿದುಕೋ. ಕೆಸರುಮನೆಯ ಹೆಂಗಸರು ಹೊಸದನ್ನು ಒಲ್ಲರು, ದಡ್ಡಿಯರು, ಸೋಮಾರಿಗಳು ಎಂದು ಅಲ್ಲಿ ನಿನ್ನ ಕಿವಿಗೆ ಯಾರಾದರೂ ಊದಿದ್ದರೆ ಅದು ಸುಳ್ಳು. ನಾವು ಕೇಳಿದ್ದು ಕಲಿಯಲು ಹೊತ್ತು. ವಾರವಿಡೀ ಬಿಸಿ ಕೆಸರಿನ ಬಕೆಟ್ ಹೊತ್ತ ಕೈ ಭಾನುವಾರ ಬೆಳಿಗ್ಗೆ ಕಲ್ಲು ಹಿಡಿದರೆ ನಡುಗುತ್ತದೆ. ನಡುಗಿದರೆ ಅಂಕ ಕಡಿತ.

ಮಾತಿಗೂ ಅಂಕ ಕಡಿತ. ಮೌನವೇ ಐಷಾರಾಮ ಎಂದು ಗೋಡೆಗೆ ಬರೆಸಿದ್ದಾರೆ. ಗಿಂಕಾ ಗೊತ್ತಲ್ಲ, ಐವತ್ತೆಂಟು ಅವಳಿಗೆ, ಪಿಂಚಣಿಗೆ ಇನ್ನೂ ಕೆಲವು ವರ್ಷ ಬಾಕಿ. ಅಭ್ಯಾಸ ಪರೀಕ್ಷೆಯಲ್ಲಿ ಮಲಗಿದ್ದವನ ಹೊಟ್ಟೆಗೆ ಕಂಬಳಿ ಎಳೆಯುತ್ತ, "ಏನಪ್ಪಾ, ಎದೆ ಬಿಗಿಯುತ್ತಾ? ಯಾವೂರು ನಿಂದು?" ಎಂದಳು. ಅಲ್ಲಿಗೆ ನಪಾಸು. ಗಂಡ ಸತ್ತ ಮೇಲೆ ಅವಳ ಮನೆಗೆ ಬರುವುದು ಈ ಒಂದು ಸಂಬಳ. ಆ ದಿನ ಬಟ್ಟೆ ಬದಲಿಸುವ ಕೋಣೆಯಲ್ಲಿ ಕುಳಿತು, "ನಲವತ್ತು ವರ್ಷ ಬಾಯಿ ಇಟ್ಕೊಂಡು ದುಡ್ದೆ ಕಣೇ ರಾದ್ಕಾ, ಈಗ ಆ ಬಾಯಿನೇ ನನ್ನ ಕೆಲ್ಸ ತಿಂತು" ಎಂದಳು. ಅವಳು ಅತ್ತದ್ದನ್ನು ನಾನು ಅದೇ ಮೊದಲು ನೋಡಿದ್ದು.

ನಮ್ಮ ಕೆಲಸಗಾರರ ಸಂಘದ ಪರವಾಗಿ ಮ್ಯಾನೇಜರ್ ಪ್ಲಾಮೆನ್ ಹತ್ತಿರ ಹೋದೆ. ಮೊದಲ ಸಲ, ನೋಡೋಣ ಎಂದ. ಎರಡನೇ ಸಲ, ಮೇಲಿನವರನ್ನು ಕೇಳಬೇಕು ಎಂದ. ಮೂರನೇ ಸಲ ಬಾಗಿಲೇ ತೆರೆಯಲಿಲ್ಲ. ಒಳಗೆ ಅವನು ಕೆಮ್ಮುವುದು ನನಗೆ ಕೇಳುತ್ತಿತ್ತು.

ಆಗ ಗಿಂಕಾಗೆ ಹೊಳೆದದ್ದು ಆ ಕಪ್ಪು ಅಂಚಿನ ಹಾಳೆ. ನಮ್ಮ ಊರಲ್ಲಿ ಯಾರು ಸತ್ತರೂ ಫೋಟೊ ಹಾಕಿ ಅಚ್ಚು ಹಾಕಿಸಿ ಬಾಗಿಲಿಗೆ, ಕಂಬಕ್ಕೆ, ಬಸ್ ನಿಲ್ದಾಣಕ್ಕೆ ಅಂಟಿಸುತ್ತೇವಲ್ಲ, ಬ್ರೆಡ್ ತರಲು ಹೋದವರು ಬೆಲೆಗಿಂತ ಮೊದಲು ಅದನ್ನೇ ಓದುತ್ತಾರೆ. "ಮನುಷ್ಯರು ಸತ್ರೆ ಹಾಕ್ತೀವಿ, ಮಾತು ಸತ್ರೆ ಹಾಕ್ಬಾರ್ದಾ?" ಎಂದಳು. ಎಲ್ಲರೂ ಒಪ್ಪಿದೆವು. ಬರೆದವಳು ನಾನೇ. "ಹೋಟೆಲು ಮಾಲೀಕರ ಮಾತು, ವಯಸ್ಸು ಆರು ತಿಂಗಳು, ದೀರ್ಘಕಾಲ ನರಳಿ ತೀರಿಕೊಂಡಿತೆಂದು ತಿಳಿಸಲು ವಿಷಾದಿಸುತ್ತೇವೆ. ದುಃಖತಪ್ತರು: ಕೆಸರುಮನೆಯ ಕೆಲಸಗಾರರು." ಅಚ್ಚಿನ ಅಂಗಡಿಯವನು ಫೋಟೊ ಎಲ್ಲಿ ಎಂದು ಕೇಳಿದ. ಫೋಟೊ ಇಲ್ಲದ ಹಾಳೆಯನ್ನು ಯಾರೂ ತಿರುಗಿ ನೋಡುವುದಿಲ್ಲ ಎಂದ. ತರಬೇತಿಯ ಮೊದಲ ದಿನ ಬಿಳಿ ಸಮವಸ್ತ್ರದಲ್ಲಿ ನಾವೆಲ್ಲ ಸಾಲಾಗಿ ನಿಂತು ಹಲ್ಲು ಬಿಟ್ಟ ಫೋಟೊ ನನ್ನ ಮೊಬೈಲಿನಲ್ಲಿತ್ತು. ಕೊಟ್ಟುಬಿಟ್ಟೆ. ಸತ್ತವರ ಮುಖ ಇರುವ ಜಾಗದಲ್ಲಿ ನಮ್ಮ ಮುಖ ಬಂದಿತು. ನಮ್ಮಲ್ಲಿ ಒಬ್ಬರಿಗೂ ಅದು ತಟ್ಟಲಿಲ್ಲ ನೋಡು. ಸಿಟ್ಟು ಬಂದಾಗ ಕಣ್ಣು ಅಕ್ಷರದ ಮೇಲೆ ಇರುತ್ತದೆ.

ಊರೆಲ್ಲ ಅಂಟಿಸಿದೆವು. ಊರಿನ ಕಣ್ಣು ಫೋಟೊದ ಮೇಲೆ ಬಿತ್ತು. ಕಪ್ಪು ಅಂಚು, ಒಂದೇ ಹಾಳೆಯಲ್ಲಿ ಅಷ್ಟೊಂದು ಹೆಂಗಸರು, ಹೋಟೆಲಿನ ಹೆಸರು. ಓದುವ ತಾಳ್ಮೆ ಯಾರಿಗಿದೆ? ಬಾಯ್ಲರ್ ಸಿಡಿಯಿತು, ಗ್ಯಾಸು ಸೋರಿತು, ಎಲ್ಲರೂ ಒಟ್ಟಿಗೆ ಹೋದರು ಎಂದು ಮಾರುಕಟ್ಟೆಯಲ್ಲಿ ಸುದ್ದಿ. ಹೋಟೆಲಿನ ಮೆಟ್ಟಿಲ ಮೇಲೆ ಹೂ ಬಿದ್ದವು, ಸತ್ತವರಿಗೆ ತರುವಂತೆ ಸರಿಸಂಖ್ಯೆಯಲ್ಲಿ. ಯಾರೋ ತಿಥಿಗೆ ಹಂಚುವಂತೆ ಬೇಯಿಸಿದ ಗೋಧಿಗೆ ಸಕ್ಕರೆ ಬೆರೆಸಿ ತಂದಿದ್ದರು. ಪ್ಲೋವ್ದಿವ್‌ನಲ್ಲಿರುವ ಗಿಂಕಾಳ ಮಗ ಅರ್ಧ ದಾರಿ ಕಾರು ಓಡಿಸಿಕೊಂಡು ಬಂದ ಮೇಲೆ ಅವಳ ದನಿಯನ್ನು ಫೋನಿನಲ್ಲಿ ಕೇಳಿ ರಸ್ತೆ ಬದಿಯಲ್ಲಿ ಕುಳಿತು ಅತ್ತನಂತೆ. ಒಂದು ಬಸ್ ತುಂಬ ಅತಿಥಿಗಳು ಬಾಗಿಲಿನವರೆಗೂ ಬಂದು ಹಾಳೆ ನೋಡಿ ಇಳಿಯದೆಯೇ ಹಿಂದಿರುಗಿದರು.

ಅಮ್ಮ ಬ್ರೆಡ್ ಅಂಗಡಿಯಲ್ಲಿ ನೋಡಿದಳು. ಕನ್ನಡಕ ಇರಲಿಲ್ಲ. ಅಕ್ಷರ ಕಾಣಲಿಲ್ಲ, ನಾನು ಕಂಡೆ. ಮನೆಯ ಚಪ್ಪಲಿಯಲ್ಲಿ, ಕೋಟಿಲ್ಲದೆ, ಊದಿದ ಕಾಲಿನಲ್ಲಿ ಕೆಸರು ಹಿಮ ತುಳಿದುಕೊಂಡು ಹೋಟೆಲಿನವರೆಗೆ ಬಂದಳು. ನಾನು ಬಕೆಟ್ ಹಿಡಿದು ಹಿಂಬಾಗಿಲಿನಿಂದ ಹೊರಬಂದಾಗ ಅಂಗಳದಲ್ಲಿ ನಿಂತು ನನ್ನ ಹೆಸರು ಹಿಡಿದು ಕೂಗುತ್ತಿದ್ದಳು. ನನ್ನನ್ನು ನೋಡಿದಳು. ಮುಖ ಮುಟ್ಟಿ ನೋಡಿದಳು. ಆಮೇಲೆ ಕಪಾಳಕ್ಕೆ ಹೊಡೆದಳು. "ಬದುಕಿದ್ದೋಳು ಸಾವಿನ ಹಾಳೇಲಿ ನಿಂತ್ಕೋತಾಳಾ, ಹಾಳಾದೋಳೇ" ಎಂದಳು. ಐವತ್ತಕ್ಕೆ ಬಂದ ನಾನು ಎಲ್ಲರೆದುರು ಅಮ್ಮನ ಕೈಯಲ್ಲಿ ಏಟು ತಿಂದೆ. ತಿನ್ನಬೇಕಾದದ್ದೇ. ಅಂದಿನಿಂದ ಅವಳು ನಿದ್ದೆಯಲ್ಲಿ ಎದ್ದು ನನ್ನ ಕೋಣೆಯ ಬಾಗಿಲು ತಳ್ಳಿ ನೋಡಿ ಹೋಗುತ್ತಾಳೆ.

ಪ್ಲಾಮೆನ್‌ಗೆ ಬೇಕಾದದ್ದು ಇದೇ. ಅತಿಥಿಗಳನ್ನು ಓಡಿಸಿದಿರಿ, ಯಾರು ಮಾಡಿದ್ದು ಹೇಳಿ ಎಂದು ಮೊನ್ನೆ ಶುಕ್ರವಾರ ಎಲ್ಲರನ್ನೂ ನಿಲ್ಲಿಸಿದ. ನಾನೇ ಮಾಡಿದ್ದು ಎಂದೆ. ಗಿಂಕಾ, ನಾನು ಎಂದಳು. ಒಬ್ಬೊಬ್ಬರಾಗಿ ಎಲ್ಲರೂ ನಾನು ಎಂದರು. ಅವನು ಕೂಗಾಡಲಿಲ್ಲ. ನಕ್ಕ. "ಸರಿ ಬಿಡಿ. ನಮ್ಮ ಕ್ರಾಸಿ ನಿಮಗೆ ತುಂಬಾ ಸಲಿಗೆ ಕೊಟ್ಟ, ಅವನು ಹೋದ. ಶುಕ್ರವಾರ ಪರೀಕ್ಷೆ ನಡೆಸೋಕೆ ಹೊರಗಿನೋರು ಬರ್ತಾರೆ, ಎರಡು ವಾರದ ಹಿಂದೇನೇ ಗೊತ್ತುಮಾಡಿದ್ದು. ಹೊರಗಿನೋರು ಅನ್ಯಾಯ ಮಾಡಿದ್ರು ಅನ್ನೋ ಹಾಗೂ ಇಲ್ಲ, ಯಾಕಂದ್ರೆ ಬರ್ತಿರೋದು ನಮ್ಮ ರಾದ್ಕಾ ಅವರ ಸ್ವಂತ ತಂಗಿ" ಎಂದ.

ನೀನು, ರೂಮಿ! ನಿನ್ನ ಹೋಟೆಲಿಗೂ ಈ ಹೋಟೆಲಿಗೂ ಮಾಲೀಕ ಒಬ್ಬನೇ ಎಂದು ಗೊತ್ತಿತ್ತು. ಇಷ್ಟು ಉದ್ದ ಕೈ ಎಂದು ಗೊತ್ತಿರಲಿಲ್ಲ.

ಅಂದಿನಿಂದ ಬಟ್ಟೆ ಬದಲಿಸುವ ಕೋಣೆಗೆ ನಾನು ಹೋದರೆ ಮಾತು ನಿಲ್ಲುತ್ತದೆ. ಗಿಂಕಾ ಮುಖ ತಿರುಗಿಸಿಕೊಂಡು ಶೂ ಕಟ್ಟುತ್ತ, "ನಿಂಗೇನಮ್ಮಾ, ಪ್ರಶ್ನೆಪತ್ರಿಕೆ ನಿಮ್ಮ ಅಡುಗೆಮನೇಲೇ ಊಟಕ್ಕೆ ಕೂರುತ್ತೆ" ಎಂದಳು. ನಗೆಯಾಡಿದ್ದಲ್ಲ. ಎಷ್ಟು ಭಾನುವಾರ ಸಭೆ ಸೇರಿಸಿದೆ, ಎಷ್ಟು ಮನೆ ಬಾಗಿಲು ತಟ್ಟಿದೆ, ಎಲ್ಲವೂ ಆ ಒಂದು ಮಾತಿಗೆ ನೆಲಕ್ಕೆ ಬಿತ್ತು. ನಿನ್ನೆ ಪ್ಲಾಮೆನ್ ಓಣಿಯಲ್ಲಿ ನಿಲ್ಲಿಸಿ, "ನಿಮ್ಮದು ಪಾಸು ಅಂತಾನೇ ಇಟ್ಕೊಳ್ಳಿ, ಸುಮ್ನೆ ಯಾಕೆ ಸಭೆ ಗಿಭೆ" ಎಂದು ಮೆಲ್ಲಗೆ ಹೇಳಿ ಹೋದ. ಅವನಿಗೆ ಬೇಕಾದದ್ದು ನನ್ನ ಪಾಸು. ನಾನೊಬ್ಬಳು ಒಳಗುಳಿದು ಉಳಿದವರು ಬಟ್ಟೆ ಒಗೆಯಲು ಹೋದರೆ ಈ ಊರಲ್ಲಿ ಇನ್ನು ಯಾರೂ ಸಂಘದ ಮಾತು ಕೇಳುವುದಿಲ್ಲ.

ನಿನ್ನ ಕಷ್ಟ ನನಗೆ ತಿಳಿಯದೆ ಇಲ್ಲ. ಮಾಲೀಕ ಹೋಗು ಎಂದರೆ ಒಲ್ಲೆ ಎನ್ನುವುದು ಸುಲಭವಲ್ಲ. ಬೋಯ್ಕೊನ ಶಾಲೆ ಅಲ್ಲಿದೆ, ಮನೆಯ ಬಾಡಿಗೆ ಅಲ್ಲಿದೆ. ಫೋನ್ ಎತ್ತದೆ ಎರಡು ವಾರ ನೀನೂ ಒಳಗೇ ಬೆಂದಿರುತ್ತೀಯ. ಆದರೆ ನೀನು ಅಲ್ಲಿ ಹೇಗೆ ಕಲಿತೆ ಎಂದು ನೆನಪು ಮಾಡಿಕೋ. ಎರಡು ವರ್ಷ, ಸಂಬಳದ ಮೇಲೆ, ಬೆಳಿಗ್ಗೆ ತರಗತಿ, ಮಧ್ಯಾಹ್ನ ಅಭ್ಯಾಸ. ಮೊದಲ ಸಲ ಜರ್ಮನ್ ಬಾರದೆ ನಪಾಸಾಗಿದ್ದೆ. ಮತ್ತೆ ಕೂರಿಸಿದರು, ಪಾಸಾದೆ. ಆ ದಿನ ಫೋನಿನಲ್ಲಿ, "ಅಕ್ಕಾ, ಇವರು ಮನುಷ್ಯರಿಗೆ ಮನುಷ್ಯರ ಥರ ಕಲಿಸ್ತಾರೆ" ಎಂದು ನೀನೇ ಹೇಳಿದ್ದು. ಅದೇ ಮಾಲೀಕ ಅಲ್ಲಿ ಹಾಗೆ, ಇಲ್ಲಿ ಹೀಗೆ. ಅಲ್ಲಿಯ ಕಾನೂನು ಅವನ ಕೈ ಕಟ್ಟಿದೆ. ಇಲ್ಲಿ ಕಟ್ಟಬೇಕಾದವರು ನಾವೇ.

ಶುಕ್ರವಾರ ಏಳನೇ ತಾರೀಖು ಪರೀಕ್ಷೆ. ಎಂಟಕ್ಕೆ ಮಹಿಳಾ ದಿನ, ಎಲ್ಲರಿಗೂ ಒಂದೊಂದು ಕಾರ್ನೇಶನ್ ಹೂ ಕೊಡುತ್ತಾರಂತೆ. ಈಗಾಗಲೇ ಬಕೆಟ್ಟಿನಲ್ಲಿ ತಂದಿಟ್ಟಿದ್ದಾರೆ.

ಬೋಯ್ಕೊಗೆ ದೊಡ್ಡಮ್ಮನ ಮುತ್ತು. ಚಳಿಯಲ್ಲಿ ಕಿವಿ ಮುಚ್ಚಿಕೊಂಡು ಓಡಾಡಲು ಹೇಳು. ಅಮ್ಮ ನಿನ್ನ ಪಾಲಿನ ಆಶೀರ್ವಾದವನ್ನು ಮೆಣಸಿನ ಗೊಜ್ಜಿಗೇ ಹಾಕಿ ಕುದಿಸಿದ್ದೇನೆ ಎನ್ನುತ್ತಾಳೆ, ಪೂರ್ತಿ ತಿನ್ನಬೇಕಂತೆ. ನೀನು ಬರುವ ವಿಷಯ ಅವಳಿಗೆ ಹೇಳಿಲ್ಲ. ಹೇಳಿದರೆ ಚೀಸು ತುಂಬಿದ ಬನಿತ್ಸಾ ಮಾಡಲು ಕೂರುತ್ತಾಳೆ, ಯಾತಕ್ಕೆ ಬರುತ್ತಿದ್ದೀಯ ಎಂದು ಕೇಳುತ್ತಾಳೆ.

ನಿನ್ನ ಅಕ್ಕ,
ರಾದ್ಕಾ

ತಾಜಾ ಕಲಮು: ಮೀತ್ಕೊ ಹಾರ್ನ್ ಹೊಡೆಯುತ್ತಿದ್ದಾನೆ, ಬೇಗ ಬರೆಯುತ್ತೇನೆ. ಗುರುವಾರ ನಾಲ್ಕೂವರೆಯ ಬಸ್ಸಿಗೆ ನೀನು ಬುರ್ಗಾಸ್‌ನಿಂದ ಇಲ್ಲಿ ಇಳಿಯುತ್ತೀಯೆಂದು ಪ್ಲಾಮೆನ್ ಹೇಳಿದ. ಹೋಟೆಲಿನ ಕಾರು ನಿಂತಿರುತ್ತದೆ. ಹತ್ತಬೇಡ. ರಸ್ತೆ ದಾಟಿ ಓದುಮನೆಗೆ ಬಾ, ನಮ್ಮ ಸಭೆ ಅಲ್ಲಿ. ನಮ್ಮನ್ನು ಪಾಸು ಮಾಡು ಎಂದು ಕೇಳುತ್ತಿಲ್ಲ, ನನ್ನನ್ನಂತೂ ಮಾಡಲೇಬೇಡ. ಕಲಿಸದೆ ಪರೀಕ್ಷೆ ನಡೆಸಲಾರೆ ಎಂದು ಎಲ್ಲರ ಮುಂದೆ ಒಂದು ಮಾತು ಹೇಳು, ಅಷ್ಟೆ. ಹೇಳಿದರೆ ಅಲ್ಲಿನ ನಿನ್ನ ಕೆಲಸ ಹೋಗಬಹುದು. ಗೊತ್ತಿದ್ದೇ ಕೇಳುತ್ತಿದ್ದೇನೆ, ಕೇಳಲೋ ಬೇಡವೋ ಎಂದು ನಿದ್ದೆ ಕಳೆದುಕೊಂಡಿದ್ದೇನೆ. ನಾನು ಬಸ್ ನಿಲ್ದಾಣಕ್ಕೆ ಬರುವುದಿಲ್ಲ. ಬಂದರೆ ಕೈ ಹಿಡಿದು ಎಳೆದೊಯ್ದೆ ಎಂದು ನೀನೇ ಒಂದು ದಿನ ಹೇಳೀಯ. ಓದುಮನೆಯ ಬಾಗಿಲಿಗೆ ಬೀಗ ಹಾಕಿರುವುದಿಲ್ಲ. ಗುರುವಾರ, ಮಾರ್ಚ್ ಆರು, ಸಂಜೆ ಆರು ಗಂಟೆ.